ಈರಪ್ಪಣ್ಣ ಕುಡಿದಿರಲಿಲ್ಲ

ಸಾವುಕಾರರ ಕಾರಿಗೆ ನಾನು ಹೊಸ ಸೈಲೆನ್ಸರ್ ಹಾಕಿರಲಿಲ್ಲ. ಹಾಕಿದ್ದೇನೆ ಎಂದು ಹೇಳಿದೆ. ಆ ಸುಳ್ಳಿನಿಂದ ಒಬ್ಬ ಹಿರಿಯ ಹೆಣ್ಣುಮಗಳು ಸತ್ತರು. ಒಬ್ಬ ಮನುಷ್ಯ ಏಳು ವರ್ಷ ಕುಡುಕನೆನಿಸಿಕೊಂಡು ಬದುಕಿದ. ಇಷ್ಟನ್ನು ನೇರವಾಗಿ ಬರೆಯಲು ಮೂರು ಸಲ ಕಾಗದ ಹರಿದಿದ್ದೇನೆ. ಮೊದಲ ಸಲ ‘ನನ್ನಿಂದ ಒಂದು ತಪ್ಪು ನಡೆದುಹೋಯಿತು’ ಎಂದು ಬರೆದಿದ್ದೆ. ತಪ್ಪು ತಾನಾಗಿ ನಡೆಯಲಿಲ್ಲ. ನಾನು ಮಾಡಿದೆ.

ನಾನು ದಾಂಡೇಲಿಯಲ್ಲಿ ಮೋಟಾರು ದುರಸ್ತಿ ಮಾಡುವ ಮಿಸ್ತ್ರಿ. ಹೆಸರು ಶಂಕರ. ಧಾರವಾಡದ ಕಡೆಯವನು. ಹುಬ್ಬಳ್ಳಿಯ ಒಂದು ಗ್ಯಾರೇಜಿನಲ್ಲಿ ಕೆಲಸ ಕಲಿತು, ಸ್ವಂತ ಜಾಗವಿಲ್ಲದೆ ಅಲೆಯುತ್ತಿದ್ದಾಗ ನನ್ನನ್ನು ಇಲ್ಲಿಗೆ ಕರೆತಂದವನು ಈರಪ್ಪಣ್ಣ. “ಕಾಗದದ ಕಾರ್ಖಾನಿ ಆಗೇತಿ, ದಿನಾ ಹೊಸಾ ಗಾಡಿ ಬರಾಕತ್ತಾವು. ನಿನ್ನಂಥಾವ ಬೇಕು, ನಡಿ” ಎಂದಿದ್ದ. ಅಂಬೇವಾಡಿಯ ರಸ್ತೆಯ ಮಗ್ಗುಲಲ್ಲಿ ತಗಡಿನ ಶೆಡ್ ಕೊಡಿಸಿದವನು ಅವನೇ. ಮೊದಲ ಆರು ತಿಂಗಳು ನಾನು ಉಂಡದ್ದು ಅವನ ಮನೆಯಲ್ಲಿ, ಅವನ ಹೆಂಡತಿ ಗಂಗವ್ವ ಬಡಿದ ರೊಟ್ಟಿ. ಅವರನ್ನು ನಾನು ಅತ್ತಿಗೆಯೆಂಬಂತೆ ವೈನಿ ಎಂದು ಕರೆಯುತ್ತಿದ್ದೆ.

ಈರಪ್ಪಣ್ಣ ಹಳಿಯಾಳದ ಒಬ್ಬ ಸಾವುಕಾರರ ಕಾರು ನಡೆಸುತ್ತಿದ್ದ. ಅವರದು ಕಟ್ಟಿಗೆಯ ಗುತ್ತಿಗೆ. ಕಾಡಿನ ಕೆಲಸಕ್ಕೆ ಅನುಕೂಲವೆಂದು ದಾಂಡೇಲಿಯಲ್ಲೇ ಮನೆ ಮಾಡಿದ್ದರು. ಮನೆಯಲ್ಲಿ ಅವರ ತಾಯಿ. ಆಳುಗಳಿಂದ ಹಿಡಿದು ನೆರೆಯವರವರೆಗೆ ಎಲ್ಲರೂ ಅವರನ್ನು ಅವ್ವಾರು ಎನ್ನುತ್ತಿದ್ದರು. ಈರಪ್ಪಣ್ಣ ಜಳಕ ಮಾಡಿ, ಲಿಂಗಪೂಜೆ ಮುಗಿಸಿ, ಹಣೆಗೆ ವಿಭೂತಿ ಹಚ್ಚಿಕೊಳ್ಳದೆ ಸ್ಟೇರಿಂಗ್ ಮುಟ್ಟುತ್ತಿರಲಿಲ್ಲ. ಹೆಂಡ ಇರುವ ಮನೆಯ ಅಂಗಳದಲ್ಲಿ ಅವನು ನಿಲ್ಲುತ್ತಲೂ ಇರಲಿಲ್ಲ. ಇದು ಊರಿಗೆಲ್ಲ ಗೊತ್ತಿತ್ತು — ಗೊತ್ತಿದ್ದೂ ಊರು ಆಮೇಲೆ ಹಾಗೆ ನಂಬಿತು.

ಗೋವೆ ಬಿಡುಗಡೆಯಾದ ಮರುವರ್ಷದ ಚಳಿಗಾಲ. ಒಂದು ಮಧ್ಯಾಹ್ನ ಅವನು ಕಾರು ತಂದು ನಿಲ್ಲಿಸಿದ.

“ಏರು ಹತ್ತಾಕ ಹತ್ತಿದ್ರ ಗುಡುಗಿದಂಗ ಸಪ್ಪಳ ಮಾಡ್ತೈತಿ ಶಂಕ್ರು. ಸಪ್ಪಳ ಇರ್ಲಿ. ಹಿಂದ ಕುಂತ್ರ ತಲಿ ನೋಯತೈತಿ ಅಂತಾರ ಅವ್ವಾರು.”

ನಾನು ಎಂಜಿನ್ ಚಾಲೂ ಮಾಡಿಸಿ, ಒದ್ದೆ ಅರಿವೆಯನ್ನು ಹೊಗೆಕೊಳವೆಯ ತುದಿಗೆ ಒತ್ತಿ ಹಿಡಿದೆ. ಒಳ್ಳೆಯ ಸೈಲೆನ್ಸರ್ ಆಗಿದ್ದರೆ ಎಂಜಿನ್ ಉಸಿರು ಕಟ್ಟಿ ನಿಲ್ಲಬೇಕು. ಇದು ನಿಲ್ಲಲಿಲ್ಲ, ಕಾರಿನ ನಡುವಿನಿಂದ ಹಾವು ಬುಸುಗುಟ್ಟಿದಂತೆ ಕೇಳಿಸಿತು. ಕೊಳವೆ ಆರಿದ ಮೇಲೆ ಕೆಳಗೆ ಮಲಗಿ ಸುತ್ತಿಗೆಯ ಹಿಡಿಯಿಂದ ಸೈಲೆನ್ಸರನ್ನು ಬಡಿಯುತ್ತ ಹೋದೆ. ಒಂದು ಕಡೆ ಠಣ್ ಎಂದಿತು, ಹಿಂಬದಿಯಲ್ಲಿ ಹಸಿ ಮಡಕೆಯಂತೆ ಸತ್ತ ಸಪ್ಪಳ. ಸ್ಕ್ರೂಡ್ರೈವರ್ ಒತ್ತಿದೆ, ಬೆರಳಿನಷ್ಟು ಒಳಗೆ ಹೋಯಿತು. ತುಕ್ಕಿನ ಹಕ್ಕಳೆಗಳು ನನ್ನ ಮುಖದ ಮೇಲೆ ಉದುರಿದವು. ಅದರ ನೇರ ಮೇಲೆ, ಹಿಂದಿನ ಸೀಟಿನ ಕೆಳಗಿನ ತಗಡೂ ತುಕ್ಕು ತಿಂದು ತೂತಾಗಿತ್ತು. ಒಳಗಿನಿಂದ ರಬ್ಬರಿನ ಚಾಪೆ ಅದನ್ನು ಮುಚ್ಚಿತ್ತು, ಅಷ್ಟೆ; ಹೊಗೆ ಕಾರಿನೊಳಗೆ ಏರಲು ದಾರಿಯಿತ್ತು. ಎಲ್ಲವನ್ನೂ ನೋಡಿದೆ. ನೋಡಲಿಲ್ಲ ಎಂದು ಹೇಳುವ ದಾರಿ ನನಗಿಲ್ಲ.

“ಇದಕ್ಕ ತ್ಯಾಪಿ ಹಚ್ಚಿದ್ರ ನಡಿಯಂಗಿಲ್ಲಣ್ಣ. ಹೊಸಾದು ಹಾಕಬೇಕು. ಅಲ್ಲೀ ಮಟಾ ಗಾಜು ತಗದ ಓಡ್ಸು” ಎಂದೆ. ಆ ದಿನ ನಾನು ಸರಿಯಾಗಿಯೇ ಹೇಳಿದ್ದೆ.

ಹುಬ್ಬಳ್ಳಿಗೆ ಬರೆದೆ. ನಾಲ್ಕನೆಯ ದಿನ ಬೆಳಿಗ್ಗೆ ಬಸ್ಸಿನ ಮೇಲೆ ಹೊಸ ಸೈಲೆನ್ಸರ್ ಬಂತು. ಅದರ ಮೇಲಿನ ಸುತ್ತುಗಾಗದ ಬಿಚ್ಚುವಷ್ಟರಲ್ಲಿ ಕಾರ್ಖಾನೆಯ ಒಬ್ಬ ದೊಡ್ಡ ಅಧಿಕಾರಿಯ ಕಾರು ಶೆಡ್ಡಿನ ಮುಂದೆ ಬಂದು ನಿಂತಿತು. ಅದೇ ಮಾದರಿಯ ಕಾರು, ಅದರ ಸೈಲೆನ್ಸರ್ ಕಿತ್ತು ನೆಲಕ್ಕೆ ಎಳೆಯುತ್ತಿತ್ತು. ಅಧಿಕಾರಿ ನನ್ನ ಕೈಯಲ್ಲಿದ್ದ ಹೊಸದನ್ನು ನೋಡಿದರು. ಅದು ಇನ್ನೊಬ್ಬರದು ಎಂದು ಅವರಿಗೆ ಗೊತ್ತಿರಲಿಲ್ಲ, ನಾನು ಹೇಳಲೂ ಇಲ್ಲ. ಇವರ ಕೆಲಸ ಈಗಿಂದೀಗ ಮಾಡಿಕೊಟ್ಟರೆ ಕಾರ್ಖಾನೆಯ ಗಾಡಿಗಳೆಲ್ಲ ನನ್ನ ಶೆಡ್ಡಿಗೇ ಬಂದಾವು — ಮನಸ್ಸಿನಲ್ಲಿ ಇದ್ದದ್ದು ಇಷ್ಟೇ. ಹಾಕಿಕೊಟ್ಟೆ. ಇನ್ನೊಂದಕ್ಕೆ ಹುಬ್ಬಳ್ಳಿಗೆ ಬರೆದೆ. ಮೂರ್ನಾಲ್ಕು ದಿನದ ಮಾತು, ಈರಪ್ಪಣ್ಣನಿಗೆ ಏನಾದರೂ ಹೇಳಿದರಾಯಿತು ಎಂದುಕೊಂಡೆ.

ಹೇಳಲು ಪುರುಸೊತ್ತು ಸಿಗಲಿಲ್ಲ. ಅದೇ ಮಧ್ಯಾಹ್ನ ಅವನೇ ಬಂದ.

“ಸೈಲೆನ್ಸರ್ ಬಂತಂತಲ್ಲ, ಬಸ್ಸಿನ ಕಂಡಕ್ಟರ್ ಹೇಳಿದ. ಚಲೋ ಆತು. ಸಾವ್ಕಾರ್ರು ಕುಂಬಾರವಾಡದ ಕ್ಯಾಂಪಿನ್ಯಾಗ ಜ್ವರಾ ಬಂದು ಮಲಗ್ಯಾರಂತ. ನಾಳಿ ಮುಂಜಾನೆ ಅವ್ವಾರನ್ನ ಕರಕೊಂಡು ಹೋಗಬೇಕು.”

ನನ್ನ ಮುಂದೆ ಒಂದೇ ಒಂದು ಸಣ್ಣ ಮಾತು ಇತ್ತು. ‘ಬಂದಿತ್ತಣ್ಣ, ಬೇರೆಯವರಿಗೆ ಕೊಟ್ಟೆ.’ ಅವನು ಬೈಯುತ್ತಿದ್ದ. ಎರಡು ದಿನ ಮಾತು ಬಿಡುತ್ತಿದ್ದ. ಆಮೇಲೆ ಬೇರೆ ಗಾಡಿ ಹುಡುಕುತ್ತಿದ್ದ. ಅಷ್ಟೇ ಆಗುತ್ತಿತ್ತು. ಆದರೆ ನನ್ನನ್ನು ಕೈ ಹಿಡಿದು ಈ ಊರಿಗೆ ತಂದವನ ಎದುರು ನಾನು ಸಣ್ಣವನಾಗಬೇಕಾಗಿತ್ತು — ಅದೊಂದು ನನ್ನಿಂದ ಆಗಲಿಲ್ಲ.

“ಹೂಂ, ಬಂದೈತಿ. ಗಾಡಿ ಬಿಟ್ಟ ಹೋಗು, ಸಂಜೀಕ ಬಾ” ಎಂದೆ.

ಎಣ್ಣೆಯ ಡಬ್ಬಿಯನ್ನು ಕತ್ತರಿಸಿ ತಗಡು ಮಾಡಿದೆ. ಕೊಳೆತ ಸೈಲೆನ್ಸರಿಗೆ ಅದನ್ನು ಸುತ್ತಿ, ಸಂದಿಗೆ ಆಸ್ಬೆಸ್ಟಾಸ್ ಹಗ್ಗ ತುರುಕಿ, ತಂತಿಯಿಂದ ಬಿಗಿದೆ. ಆಮೇಲೆ ಇಡೀ ಸೈಲೆನ್ಸರಿಗೆ ಕರಿಬಣ್ಣ ಹಚ್ಚಿದೆ. ಬಣ್ಣದಿಂದ ತೇಪೆ ಗಟ್ಟಿಯಾಗುವುದಿಲ್ಲ. ಅದನ್ನು ಹಚ್ಚಿದ್ದು ಈರಪ್ಪಣ್ಣನ ಕಣ್ಣಿಗಾಗಿ.

ಸಂಜೆ ಅವನು ಬಂದು ಬಗ್ಗಿ ನೋಡಿದ. ಎಂಜಿನ್ ಚಾಲೂ ಮಾಡಿ ಸಪ್ಪಳ ಕೇಳಿದ. ಮುಖ ಅರಳಿತು.

“ಇನ್ನ ಗಾಜು ಮುಚ್ಚಿದ್ರ ನಡೀತೈತಿಲ್ಲೋ? ಮುಂಜಾನೆ ಜೋಯಿಡಾ ಕಡೆ ಭಾಳ ಥಂಡಿ. ಅವ್ವಾರಿಗೆ ಕೆಮ್ಮು ಬ್ಯಾರೆ.”

ನಾನು ಕೈ ಒರೆಸಿಕೊಳ್ಳುತ್ತ ಹೇಳಿದೆ: “ಮುಚ್ಚಿಕೊಂಡ ಹೋಗಣ್ಣ. ಏನೂ ಆಗಂಗಿಲ್ಲ.”

ಹುಬ್ಬಳ್ಳಿಯಲ್ಲಿ ನನಗೆ ಕೆಲಸ ಕಲಿಸಿದ ಉಸ್ತಾದರು ಒಮ್ಮೆ ಹೇಳಿದ್ದರು — ಬಾಗಿಲು ಮುಚ್ಚಿದ ಶೆಡ್ಡಿನಲ್ಲಿ ಎಂಜಿನ್ ಚಾಲೂ ಇಟ್ಟು ಇಬ್ಬರು ಅದರ ಹೊಗೆಗೆ ಕುಳಿತಲ್ಲೇ ಸತ್ತಿದ್ದನ್ನು ಅವರು ಕಂಡಿದ್ದರು. “ಮುಖ ನೋಡಿದ್ರ ಸತ್ತಾರ ಅನಸ್ತಿದ್ದಿಲ್ಲ, ಅಷ್ಟು ಕೆಂಪಗಿದ್ದರು” ಎಂದಿದ್ದರು. ಹಾಗಾದರೆ ನನಗೆ ಗೊತ್ತಿತ್ತೆ? ಗೊತ್ತಿತ್ತು. ಒಂದೇ ದಿನ, ತೇಪೆ ತಡೆದೀತು, ಎಂಬ ಆಸೆಯ ಕೆಳಗೆ ಆ ಮಾತು ಬಿದ್ದುಕೊಂಡಿತ್ತು. ನಾನು ಅದನ್ನು ಎತ್ತಿ ನೋಡಲಿಲ್ಲ.

ಮರುದಿನ ಮಂಜಿನಲ್ಲಿ ಅವರು ಹೊರಟರು. ಅವ್ವಾರು ಹಿಂದಿನ ಸೀಟಿನಲ್ಲಿ ಶಾಲು ಹೊದ್ದು, ಮಗನಿಗೆಂದು ಗಂಜಿಯ ಡಬ್ಬಿ ಮಡಿಲಲ್ಲಿ ಇಟ್ಟುಕೊಂಡು ಕುಳಿತಿದ್ದರಂತೆ. ಜೋಯಿಡಾ ದಾಟಿದ ಮೇಲೆ ರಸ್ತೆ ಏರುತ್ತ, ತಿರುಗುತ್ತ ಹೋಗುತ್ತದೆ. ಅಂಥ ಒಂದು ತಿರುವಿನಲ್ಲಿ ಕಾರು ನೆಟ್ಟಗೆ ಹೋಗಿ ಮತ್ತಿ ಮರಕ್ಕೆ ಗುದ್ದಿತು. ಜೋರಾಗಿ ಏನೂ ಅಲ್ಲ. ಮುಂದಿನ ತಗಡು ನೆಗ್ಗಿತು, ಈರಪ್ಪಣ್ಣನ ಹಣೆ ಒಡೆಯಿತು. ಚಕ್ಕಡಿ ಹೊಡೆದುಕೊಂಡು ಬರುತ್ತಿದ್ದ ಕೊಂಕಣಿ ಮಾತಾಡುವ ಮಂದಿ ಅವನನ್ನು ಹೊರಗೆಳೆದರು. ಅವನು ಕಾಲೂರಿ ನಿಲ್ಲಲಾರದೆ ತೂರಾಡಿದ, ವಾಂತಿ ಮಾಡಿದ, ನಾಲಿಗೆ ತೊದಲಿತು. ಅವರಲ್ಲೊಬ್ಬ “ಸೊರೊ” ಎಂದ. ಸೊರೊ ಎಂದರೆ ಹೆಂಡ. ಗೋವೆಗೆ ಹತ್ತಿರದ ದಾರಿ, ಹೆಂಡಕ್ಕೆ ಬರವಿಲ್ಲ. ಬೇರೆ ಯಾವ ಕಾರಣವನ್ನೂ ಯಾರೂ ಹುಡುಕಲಿಲ್ಲ.

ಅವ್ವಾರ ಮೈಮೇಲೆ ಒಂದು ಗೀರೂ ಇರಲಿಲ್ಲ. ಅವರು ಸತ್ತಿದ್ದರು. ಗುದ್ದಿದ ಹೆದರಿಕೆಗೆ ಎದೆ ನಿಂತಿದೆ ಎಂದರು ನೋಡಿದವರು. ಮಣ್ಣು ಮಾಡುವಾಗ ನಾನೂ ಹೋಗಿದ್ದೆ. ಕೂರಿಸಿದ ಅವ್ವಾರ ಮುಖ ನೋಡಿದೆ. ಅದು ಕೆಂಪಗಿತ್ತು.

ಮೂರು ದಿನ ಬಿಟ್ಟು ಕಾರು ತರಲು ಸಾವುಕಾರರ ಲಾರಿಯಲ್ಲಿ ನನ್ನನ್ನೇ ಕಳಿಸಿದರು. ಮತ್ತಿ ಮರದ ಬುಡದಲ್ಲಿ ಮಲಗಿ ಕೆಳಗೆ ನೋಡಿದೆ. ತಂತಿ ಕಡಿದು ತಗಡು ಬಾಯಿ ಬಿಟ್ಟಿತ್ತು — ನೇರವಾಗಿ ಸೀಟಿನ ಕೆಳಗಿನ ತೂತಿನ ಕಡೆಗೆ. ನಾನು ಅಲ್ಲೇ ಎಷ್ಟು ಹೊತ್ತು ಮಲಗಿದ್ದೆನೋ… ಲಾರಿಯ ಡ್ರೈವರ್ ಕಾಲು ಹಿಡಿದು ಎಳೆದು “ಯಾಕ, ಏನಾತು?” ಎಂದು ಕೇಳಿದ. “ಏನಿಲ್ಲ” ಎಂದೆ.

ಎರಡನೆಯ ಹೊಸ ಸೈಲೆನ್ಸರ್ ಆಗಲೇ ಬಂದಿತ್ತು. ಕಾರನ್ನು ಶೆಡ್ಡಿಗೆ ತಂದ ದಿನವೇ ಅದನ್ನು ಹಾಕಿದೆ. ಈ ಸಲ ಬೋಲ್ಟುಗಳನ್ನು ಎರಡೆರಡು ಸಲ ಬಿಗಿದೆ, ಜೋಡಣೆಗೆ ಸಾಬೂನು ನೀರು ಹಚ್ಚಿ ಗುಳ್ಳೆ ಬರುತ್ತದೆಯೇ ಎಂದು ನೋಡಿದೆ, ಸೀಟಿನ ಕೆಳಗಿನ ತೂತಿಗೆ ತಗಡು ಬೆಸೆದೆ. ಇಷ್ಟು ಚೊಕ್ಕವಾಗಿ ಆ ಕಾರಿನ ಕೆಲಸವನ್ನು ನಾನು ಹಿಂದೆಂದೂ ಮಾಡಿರಲಿಲ್ಲ. ಹಳೆಯದನ್ನು ಗೋಣಿಚೀಲದಲ್ಲಿ ಸುತ್ತಿ, ಕೋಗಿಲಬನದ ಹತ್ತಿರ ಕಾಳಿ ಹೊಳೆಯ ಮಡುವಿಗೆ ಹಾಕಿದೆ.

ನಾಲ್ಕು ದಿನ ಬಿಟ್ಟು ಸಾವುಕಾರರು ಬಂದರು. ಜ್ವರದಿಂದ ಬಿಳುಚಿಕೊಂಡಿದ್ದರು. ತಲೆಗೆ ಪಟ್ಟಿ ಕಟ್ಟಿದ್ದ ಈರಪ್ಪಣ್ಣ ಹಿಂದೆ ನಿಂತಿದ್ದ.

“ಶಂಕ್ರಪ್ಪ, ಖರೇ ಹೇಳು” ಎಂದರು ಸಾವುಕಾರರು. “ಇಂವ ಕುಡದಿದ್ದಿಲ್ಲ ಅಂತಾನ. ಕಣ್ಣ ಕತ್ತಲಿ ಬಂತು ಅಂತಾನ. ಗಾಡಿಯೊಳಗ ಏನರ ದೋಷ ಇತ್ತೇನು?”

ನಾನು ಹೇಳಿದ ಮಾತು ಇದು: “ಗಾಡಿಯೊಳಗ ಏನೂ ದೋಷ ಇಲ್ರಿ. ಬೇಕಾದ್ರ ಬಗ್ಗಿ ನೋಡ್ರಿ.”

ಅವರು ಈರಪ್ಪಣ್ಣನ ಕಡೆ ತಿರುಗಿದರು. ಅವನು ನನ್ನನ್ನು ನೋಡುತ್ತಿದ್ದ. ಅನುಮಾನದಿಂದಲ್ಲ. ಅನುಮಾನವಿದ್ದಿದ್ದರೆ ನಾನು ಅದನ್ನಾದರೂ ಹಿಡಿದುಕೊಂಡು ಇಷ್ಟು ವರ್ಷ ಬದುಕುತ್ತಿದ್ದೆ.

“ಶಂಕ್ರು ಹೇಳಿದ ಮ್ಯಾಲ ಮುಗೀತ್ರಿ ಸಾವ್ಕಾರ್ರ” ಎಂದ. “ಅಂವ ಸುಳ್ಳ ಹೇಳಾಂವ ಅಲ್ಲ. ನಾನ ತೂಕಡಿಸಿರಬೇಕು.”

ಸಾವುಕಾರರು ಪೊಲೀಸರಿಗೆ ಹೇಳಲಿಲ್ಲ. ಇನ್ನು ನನ್ನ ಹೊಸ್ತಿಲು ತುಳಿಯಬೇಡ ಎಂದಷ್ಟೇ ಈರಪ್ಪಣ್ಣನಿಗೆ ಹೇಳಿದರು. ದಾಂಡೇಲಿಯಲ್ಲಾಗಲಿ ಹಳಿಯಾಳದಲ್ಲಾಗಲಿ ಯಾರೂ ಅವನ ಕೈಗೆ ಸ್ಟೇರಿಂಗ್ ಕೊಡಲಿಲ್ಲ. ಕೆಲವು ತಿಂಗಳ ಮೇಲೆ ಅವನು ಹೆಂಡತಿಯನ್ನು ಕರೆದುಕೊಂಡು ಮುಂಡಗೋಡದ ಕಡೆ ಹೋದ. ಹೋಗುವ ಮುಂಚೆ ಶೆಡ್ಡಿಗೆ ಬಂದು ಹೇಳಿಹೋದ. ನಾನು ಕಾರಿನ ಕೆಳಗಿದ್ದೆ, ಹೊರಗೆ ಬರಲಿಲ್ಲ. ಕೆಳಗಿನಿಂದಲೇ “ಹೂಂ ಅಣ್ಣ” ಎಂದೆ. ಕಾರ್ಖಾನೆಯ ಗಾಡಿಗಳು ನನ್ನ ಶೆಡ್ಡಿಗೇ ಬಂದವು.

ಹೋದ ತಿಂಗಳು ಮುಂಡಗೋಡಕ್ಕೆ ಹೋಗಿದ್ದೆ. ಅಲ್ಲಿ ಹೊಸದಾಗಿ ನೆಲೆನಿಂತಿರುವ ಟಿಬೆಟಿನವರ ಜೋಳ ತರಲು ದಾಂಡೇಲಿಯಿಂದ ಹೋದ ಲಾರಿ ಕೆಟ್ಟು ನಿಂತಿತ್ತು. ರಿಪೇರಿ ಮಾಡುತ್ತಿದ್ದಾಗ ಅಕ್ಕಿ ಗಿರಣಿಯ ಹಮಾಲರು ಬಂದು ಸುತ್ತ ನಿಂತರು. ಅವರ ನಡುವಿನಿಂದ ಒಬ್ಬ, ಮೈಯೆಲ್ಲ ತೌಡು, ಮುಂದೆ ಬಂದ. ಈರಪ್ಪಣ್ಣ. ನನ್ನ ಹೆಗಲ ಮೇಲೆ ಕೈಯಿಟ್ಟು ಉಳಿದವರಿಗೆ ಹೇಳಿದ: “ಇಂವ ನಮ್ಮ ಶಂಕ್ರು. ದಾಂಡೇಲಿಯೊಳಗ ಇವನಂಥಾ ಮಿಸ್ತ್ರಿ ಇಲ್ಲ. ನಾನ ಕರಕೊಂಡು ಬಂದಿದ್ದೆ.”

ಆ ಹೆಮ್ಮೆಯನ್ನು ನಾನು ತಡೆದುಕೊಳ್ಳಲಾರದೆ ಹೋದೆ. “ಅಣ್ಣ, ನಿನ್ನ ಮನೀಗೆ ಹೋಗೂಣು. ಒಂದು ಮಾತೈತಿ” ಎಂದೆ.

ಅವನ ಮನೆಯ ಕಟ್ಟೆಯ ಮೇಲೆ ಕುಳಿತು ಎಲ್ಲವನ್ನೂ ಹೇಳಿದೆ. ತೇಪೆ, ಬಣ್ಣ, ಗಾಜು, ಹೊಳೆ. ಮುಗಿದ ಮೇಲೆ ಅವನು ಕೇಳಿದ:

“ಗಿಡಕ್ಕ ಹಾಯೂದಕ್ಕಿಂತ ಮೊದಲ ಹೋಗಿದ್ರೇನು ಅವ್ವಾರು?”

“ಹಂಗ ಅನಸ್ತೈತಣ್ಣ. ನೀ ತೂಕಡಿಸಿದ್ದಿಲ್ಲ. ಆ ಹೊಗೀನ ನಿನ್ನ ಕೆಡವಿತು.”

ಅವನು ತಲೆಯಾಡಿಸಿದ. ಆಮೇಲೆ, “ನಾ ಕುಡದಿಲ್ಲಂತ ನನಗ ಗೊತ್ತಿತ್ತು. ನನಗ ಹೇಳಿ ಏನ ಮಾಡ್ತಿ? ಅಕೀಗೆ ಹೇಳು” ಎಂದು ಒಳಗೆ ಕೈ ತೋರಿಸಿದ.

ವೈನಿ ಬಾಗಿಲಲ್ಲೇ ನಿಂತಿದ್ದರು, ಕೇಳಿಸಿಕೊಂಡಿದ್ದರು. ಆದರೂ ಮತ್ತೊಮ್ಮೆ ಮೊದಲಿನಿಂದ ಹೇಳಿದೆ. ಅವರು ಅಳಲಿಲ್ಲ, ನನಗೆ ಶಾಪ ಹಾಕಲಿಲ್ಲ. ಗಂಡನನ್ನೂ ನೋಡದೆ, ನನ್ನನ್ನೂ ನೋಡದೆ ಹೇಳಿದರು:

“ಇವರು ಲಿಂಗಾ ಮುಟ್ಟಿ ಆಣಿ ಮಾಡಿದ್ರು, ಆದ್ರೂ ನನಗ ನಂಬಿಕಿ ಬರಲಿಲ್ಲ. ಏಳು ವರ್ಷ ಆತು. ಹೊರಗಿಂದ ಬಂದಕೂಡ್ಲೆ ಇವರ ಬಾಯಿ ಮೂಸಿ ನೋಡ್ತಿದ್ದೆ. ದಿನಾ. ಇವರೂ ಬಂದು, ಸುಮ್ನ ಬಾಯಿ ತಗದು ನಿಂದರ್ತಿದ್ರು.”

ನನ್ನ ಲೆಕ್ಕದಲ್ಲಿ ಇದ್ದದ್ದು ಇಷ್ಟೇ — ಒಂದು ಸಾವು, ಒಬ್ಬನ ಕೆಲಸ. ಇದನ್ನು ನಾನು ಎಣಿಸಿಯೇ ಇರಲಿಲ್ಲ. ದಿನವೂ ಒಬ್ಬ ಗಂಡಸು ತನ್ನ ಹೊಸ್ತಿಲಲ್ಲಿ…

ಕ್ಷಮೆಯನ್ನು ನಾನು ಕೇಳಲಿಲ್ಲ. ಅವರೂ ಕೊಡಲಿಲ್ಲ. ಸಾವುಕಾರರಿಗೆ ಹೋಗಿ ಹೇಳುತ್ತೇನೆ ಎಂದೆ. ಅವರು ಈಗ ಹಳಿಯಾಳದಲ್ಲೇ ಇದ್ದಾರೆ. ಈರಪ್ಪಣ್ಣ ಎದ್ದು ನಿಂತ.

“ಒಬ್ಬಾವನ ಹೋಗಬ್ಯಾಡ. ನಾನೂ ಬರ್ತೇನಿ. ನೀ ಹೇಳೂ ಮುಂದ ನಾ ಅಲ್ಲಿರಬೇಕು. ಇಕೀನೂ ಬರ್ತಾಳ.”

ಅವ್ವಾರು ಸಾವುಕಾರರ ತಾಯಿ. ಸಾವುಕಾರರು ನನ್ನನ್ನು ಏನು ಮಾಡಿದರೂ, ಯಾರಿಗೆ ಒಪ್ಪಿಸಿದರೂ ಅದು ಅವರಿಗೆ ಬಿಟ್ಟದ್ದು. ಅಲ್ಲಿ ನನ್ನ ನಾಲಿಗೆ ಹಿಂಜರಿದರೆ ಓದಿ ಹೇಳಲೆಂದು ಇದನ್ನು ಬರೆದಿದ್ದೇನೆ. ಸೋಮವಾರ ಮುಂಜಾನೆ ಈರಪ್ಪಣ್ಣ, ವೈನಿ ಇಬ್ಬರೂ ಹಳಿಯಾಳದ ಬಸ್‌ಸ್ಟ್ಯಾಂಡಿನಲ್ಲಿ ನನಗಾಗಿ ಕಾಯುತ್ತಾರೆ. ನಾನು ಹೋಗುತ್ತೇನೆ.