ಗಾಲಿಕುರ್ಚಿಯವಳ ಬೂಟು
ಫ್ರಾನ್ಸಿನ ನಮ್ಮ ಲಿಯಾನ್ ಊರಿನ ನಾಟಕಶಾಲೆಯ ಜಿಸ್ಲೇನ್ ಮೇಡಂ ಇಪ್ಪತ್ತು ವರ್ಷ ಬ್ಯಾಲೆ ಕುಣಿದು, ಮಂಡಿ ಕೈಕೊಟ್ಟ ಮೇಲೆ ನಟಿಯಾದವರು. ಸಂತೆಯಲ್ಲಿ ಮೀನು ಕೊಳ್ಳಲು ನಿಂತರೂ ಎಡಗೈ ಬ್ಯಾಲೆ ಅಭ್ಯಾಸದ ಕಂಬಿಯೆಂಬಂತೆ ಅಂಗಡಿಕಟ್ಟೆ ಹಿಡಿಯುತ್ತದೆ, ಬಲಗಾಲು ತಾನಾಗಿ ಹಿಂದಕ್ಕೆ ಚಾಚಿ ಸರದಿಯಲ್ಲಿದ್ದವರ ಬುಟ್ಟಿ ಉರುಳಿಸುತ್ತದೆ. ಎಲ್ಲಾದರೂ ಪಿಯಾನೊ ಕೇಳಿಸಿತೋ, ಆಡುತ್ತಿದ್ದ ಮಾತು ಅರ್ಧಕ್ಕೇ ನಿಂತು, ಕಾಲ್ಬೆರಳುಗಳು ನೆಲದ ಮೇಲೆ ತಾಳ ಹಾಕುತ್ತವೆ. ಸಿನಿಮಾದಲ್ಲಿ ಅಡುಗೆಯವಳ ಪಾತ್ರ ಸಿಕ್ಕಾಗ ಸೂಪಿನ ಪಾತ್ರೆಯನ್ನು ಕಿರೀಟದಂತೆ ಹೊತ್ತು, ತುದಿಗಾಲಲ್ಲಿ ತೇಲಿಬಂದರಂತೆ. ನಾಟಕದಲ್ಲೂ ಅದೇ ಕಥೆ. “ತಾಯೀ, ಮನುಷ್ಯರ ಥರ ನಡೀರಿ!” ಎಂದು ನಮ್ಮ ನಿರ್ದೇಶಕರು ಗೋಗರೆದರೆ, “ಅದೊಂದನ್ನ ನಂಗ್ಯಾರೂ ಕಲಿಸ್ಲೇ ಇಲ್ವಲ್ಲಪ್ಪಾ” ಎನ್ನುತ್ತಾರೆ. ಸೋತುಹೋದ ನಿರ್ದೇಶಕರು ಈ ಸಲ ನಡೆಯಲಾಗದ ಮುದುಕಿಯ ಪಾತ್ರ ಕೊಟ್ಟು, ಕಾಲಿಗೆ ಕಂಬಳಿ ಹೊದಿಸಿ, ಗಾಲಿಕುರ್ಚಿಯಲ್ಲಿ ಕೂರಿಸಿಬಿಟ್ಟರು. ‘ಕಾಲಲ್ಲಿ ಜೀವವೇ ಇಲ್ಲವೆನ್ನಿಸುವ ಅಭಿನಯ’ ಎಂದು ಪತ್ರಿಕೆಗಳು ಹೊಗಳಿದ್ದೇ ಹೊಗಳಿದ್ದು. ಮೇಡಂಗೆ ಉಡುಪು ತೊಡಿಸುವವಳು ನಾನು. ನಿನ್ನೆ ಆ ಪಾತ್ರದ ಬೂಟನ್ನು ಮೂರನೇ ಸಲ ರಿಪೇರಿಗೆ ಒಯ್ದಾಗ ಅಂಗಡಿಯ ಗಾಸ್ತೋನ್ ರೇಗಿದ: “ಏನಮ್ಮಾ ಇದು? ಕೂತೇ ಇರೋ ಮುದುಕಿ ಅಂತೀಯ, ಬೂಟಿನ ಮೂತಿ ತೂತು ಬೀಳೋ ಹಾಗೆ ಸವೆದಿದ್ಯಲ್ಲಾ!” ನಾನು ವಾಪಸು ಬಂದು, ಕಂಬಳಿ ಪೂರ್ತಿ ನೆಲ ಮುಟ್ಟಲೆಂದು ಅದರ ಅಂಚಿಗೆ ಇನ್ನೊಂದು ಗೇಣು ಬಟ್ಟೆ ಸೇರಿಸಿ ಹೊಲಿದೆ.