ಒಂದು ರೊಟ್ಟಿಗೆ ಎಷ್ಟು ಹೊತ್ತು?

ಕಲಬುರಗಿಯ ಗಾಜಿಪುರದ ಬಾಡಿಗೆ ಮನೆಯಲ್ಲಿ ಮೊದಲ ಬೆಳಿಗ್ಗೆ ನನ್ನನ್ನು ಎಬ್ಬಿಸಿದ್ದು ಗೋಡೆಯಾಚೆಯ ಹೊಡೆತ. ಯಾರೋ ಯಾರನ್ನೋ ಬಡಿಯುತ್ತಿದ್ದಾರೆಂದು ಹೆದರಿ, ಓಡಿಹೋಗಿ ಪಕ್ಕದ ಬಾಗಿಲು ತಟ್ಟಿದೆ. ಕೈತುಂಬ ಹಿಟ್ಟು ಮೆತ್ತಿಕೊಂಡ ಹೆಂಗಸೊಬ್ಬರು ತೆರೆದರು.

"ಏನಾತ್ರೀ ಮೇಡಂ?"

"ಯಾರಿಗೋ ಹೊಡೀತಿದ್ರಲ್ಲಾ..."

"ರೊಟ್ಟಿ ಬಡ್ಯಾಕತ್ತೀನ್ರೀ! ಬರ್ರಿ ಒಳಗ, ಬಿಸಿದು ಒಂದು ತಿನ್ರಿ."

ಅವರೇ ಮಹಾದೇವಕ್ಕ. ಮೈಸೂರಿನ ನಮ್ಮ ಅಡುಗೆಮನೆ ದೋಸೆಯ ಚುಂಯ್‌ಗಿಂತ ಹೆಚ್ಚು ಮಾತಾಡಿದ್ದಿಲ್ಲ; ಕಲಬುರಗಿಯಲ್ಲಿ ಓಣಿಗೆ ಓಣಿಯೇ ತಾಳ ಹಾಕುತ್ತದೆ. ನಾನು ಬಂದದ್ದೂ ತಾಳದ ಕೆಲಸಕ್ಕೇ. ಗೆಳೆಯ ಶರಣು ತನ್ನದೇ ದುಡ್ಡಿನಲ್ಲಿ ಸಣ್ಣ ಸಿನಿಮಾ ಮಾಡುತ್ತಿದ್ದ, ಸಂಗೀತ ನನ್ನದು. ಅಮ್ಮ ಬೇಡವೆಂದರೂ ಶಾಲೆಯ ಸಂಗೀತದ ನೌಕರಿ ಬಿಟ್ಟಿದ್ದೆ. ಇದು ಕೈಕೊಟ್ಟರೆ ವಾಪಸು ಹೋಗಿ ಸರಿಗಮ ಹೇಳಿಕೊಡುವುದೇ ಗತಿ. ಅದಕ್ಕೆ ನಾನು ಸುತರಾಂ ತಯಾರಿರಲಿಲ್ಲ.

ಹತ್ತಿರದ ಕಮಲಾಪುರದಲ್ಲಿ, ಮಹಾದೇವಕ್ಕನ ತವರುಮನೆಯಲ್ಲೇ ಮುಖ್ಯ ದೃಶ್ಯದ ಚಿತ್ರೀಕರಣ. ಮಗಳು ಗಂಡನ ಮನೆಗೆ ಹೊರಡುವ ಬೆಳಿಗ್ಗೆ ತಾಯಿ ಮಾತಿಲ್ಲದೆ ಮೂರು ನಿಮಿಷ ರೊಟ್ಟಿ ಬಡಿಯುತ್ತಾಳೆ. ಕಾಣುವುದು ಮುಖವಷ್ಟೇ, ಕೈಯ ಕೆಲಸ ಸದ್ದಿನಲ್ಲೇ ತಿಳಿಯಬೇಕು. ನಾನು ನಾಲ್ಕು ಬಡಿತ ಧ್ವನಿಮುದ್ರಿಸಿ, ಕಂಪ್ಯೂಟರಿನಲ್ಲಿ ಅದನ್ನೇ ಮೂರು ನಿಮಿಷ ತಿರುಗಿಸಿ, ಮೇಲೆ ಪಿಟೀಲು ಹರಿಸಿದೆ. ಕೇಳಿ ನನಗೇ ಕಣ್ಣು ತುಂಬಿತು.

ಆ ಮನೆಯ ಪಡಸಾಲೆಯಲ್ಲಿ ಊರಿನ ಕೆಂಪು ಬಾಳೆಹಣ್ಣು ಹಂಚಿ ಓಣಿಯವರಿಗೆ ಚಿತ್ರ ತೋರಿಸಿದೆವು. ಅಳಬೇಕಾದ ಜಾಗದಲ್ಲಿ ಹೆಂಗಸರು ಸೆರಗು ಬಾಯಿಗಿಟ್ಟು ನಕ್ಕರು.

"ಒಂದ ರೊಟ್ಟಿ ಎಷ್ಟೊತ್ತು ಬಡೀತಾಳ್ರೀ ಆಕಿ? ಹರದು ಚಿಂದಿ ಆಗಿರ್ತದ," ಎಂದರು ಮಹಾದೇವಕ್ಕ. "ರೊಟ್ಟಿ ದೊಡ್ಡದಾದಂಗ ಸಪ್ಪಳ ತೆಳ್ಳಗಾಗ್ತದ. ನಿಮ್ದು ಇದ್ದಂಗೇ ಅದ."

ಶರಣು ಮುಖ ಗಂಟಿಕ್ಕಿದ. "ಶುಕ್ರವಾರ ಚಿತ್ರೋತ್ಸವಕ್ಕ ಕಳಸಬೇಕು. ಸರಿ ಆಗಲಿಲ್ಲಂದ್ರ ಈ ಸೀನಿಗೆ ನಿನ್ನ ಸಂಗೀತನೇ ತೆಗೀತೀನಿ ನೋಡು."

ನಾಚಿಕೆಯಾಯಿತು, ಅದರ ಹಿಂದೆಯೇ ಹಟವೂ ಬಂತು. ಮರುದಿನ ಮಹಾದೇವಕ್ಕನ ಕೊಣಮಿಗೆಯ ಪಕ್ಕ, ಅಂದರೆ ರೊಟ್ಟಿ ಬಡಿಯುವ ಮರದ ಹರಿವಾಣದ ಪಕ್ಕ, ಮೈಕಿಟ್ಟು ಕೂತೆ. ಉಂಡೆಯ ಮೇಲೆ ಮೊದಲ ಬಡಿತ ದಪ್ಪ. ಅಗಲವಾದಂತೆ ಕೈ ಹಗುರ, ನಡುವೆ ತಿರುಗಿಸುವ ಸಣ್ಣ ತಡೆ. ಪಿಟೀಲನ್ನು ಪೂರ್ತಿ ಕಿತ್ತುಹಾಕಲು ಅಲ್ಲೇ ನಿರ್ಧರಿಸಿದೆ. ಮೂರನೆಯ ರೊಟ್ಟಿಯನ್ನು ಅರ್ಧಕ್ಕೇ ನಿಲ್ಲಿಸಲು ಕೇಳಿದೆ.

"ಅರ್ಧಕ್ಕ ಯಾರೂ ಬಿಡಂಗಿಲ್ರೀ."

"ಮಗಳು ಚೀಲ ಹಿಡಿದು ಬಾಗಿಲಲ್ಲಿ ನಿಂತಿದ್ದಾಳೆ, ಅಕ್ಕಾ."

ಅವರು ಮತ್ತೆ ಬಡಿಯತೊಡಗಿದರು. ನಡುವೆ ಕೈ ನಿಂತಿತು. ಆ ನಿಲುಗಡೆಯನ್ನೂ ಮುದ್ರಿಸಿಕೊಂಡೆ.

ಎರಡನೆಯ ಸಲ ಕಮಲಾಪುರದಲ್ಲಿ ಯಾರೂ ನಗಲಿಲ್ಲ. ಶುಕ್ರವಾರ ಚಿತ್ರ ನನ್ನ ಹೆಸರು ಹೊತ್ತೇ ಹೋಯಿತು.

ಮೈಸೂರಿಗೆ ಹೋಗಿ ಅಮ್ಮನಿಗೆ ತೋರಿಸಿದೆ. ಅವಳು ಕಣ್ಣೊರೆಸಿಕೊಂಡು ಕೇಳಿದಳು: "ಚೆನ್ನಾಗಿದೆ ಕಣೇ. ಆದ್ರೆ ಆ ರೊಟ್ಟಿ ಸೀನಲ್ಲಿ ನಿನ್ನ ಸಂಗೀತ ಎಲ್ಲಿ?"

ಆ ದೃಶ್ಯವನ್ನೇ ಇನ್ನೊಮ್ಮೆ ಹಾಕಿ ಸದ್ದು ಏರಿಸಿದೆ. ಮರುದಿನ ಎಚ್ಚರವಾದಾಗ ಎಂಟು ದಾಟಿತ್ತು. ಹುಟ್ಟಿದ ಮನೆಯಲ್ಲಿ ನನ್ನನ್ನು ಎಬ್ಬಿಸುವ ಸದ್ದೇ ಇರಲಿಲ್ಲ.