ಕಾಳು ಮುನಿಸಿಕೊಂಡ ಸಂಜೆ

ಕಲ್ಯಾಣದುರ್ಗದ ಉಡುಸಲಮ್ಮ ಕಾಳುಸಾರಿಗೆ ಕೂತಳೆಂದರೆ ಒಲೆಯೂ ಅವಳ ಅಪ್ಪಣೆ ಕೇಳಿ ಉರಿಯಬೇಕು. ನೆನೆದ ಹುರುಳಿ, ಅಲಸಂದೆ, ಅವರೆ, ಕಡಲೆಗಳನ್ನು ಮಕ್ಕಳನ್ನು ಗದರಿಸುವಂತೆ ಗದರಿಸುತ್ತಲೇ ಮಡಕೆಗೆ ಹಾಕುವಳು. ಕುಕ್ಕರ್ ಎಂದರೆ, "ಅದು ಸೀಟಿ ಹೊಡೆಯೋ ಪೋಕರಿ, ನನ್ನ ಮನೆಗೆ ಬ್ಯಾಡ" ಅನ್ನುವಳು. "ಕುದಿಯೋ ಕಾಳಿಗೆ ತಣ್ಣೀರು ಹುಯ್ದ್ರೆ ಮುನಿಸ್ಕಂತವೆ ಕಣಮ್ಮ, ಬೆಳಗಾದ್ರೂ ಬೇಯಾಕಿಲ್ಲ" ಎಂಬುದು ಅವಳ ಶಾಸನ. ಹೊಸ ಸೊಸೆ ಮೀನಾ ಒಮ್ಮೆ ಒಂದು ಲೋಟ ಹುಯ್ದಾಗ ಬೈಗುಳ ಬಸ್‌ ಸ್ಟ್ಯಾಂಡಿನವರೆಗೂ ಕೇಳಿಸಿತ್ತು. ಹಿಂದೂಪುರದಿಂದ ಮಗಳನ್ನು ನೋಡಲು ಬರುವ ಬೀಗಿತ್ತಿ ರಮಾದೇವಿಯನ್ನೂ ಅವಳು ಬಿಟ್ಟವಳಲ್ಲ; "ನಿಮ್ಮೂರಾಗೆ ಸಾರಂದ್ರೆ ಬಿಸಿನೀರೇನಮ್ಮ?" ಎನ್ನುವಳು. ಒಂದು ರಾತ್ರಿ ಉಳಿಯಿರಿ ಎಂದು ಎಂದೂ ಬಾಯಿಬಿಟ್ಟು ಕರೆದವಳಲ್ಲ. ಕರೆಯದೆ ಮಗಳ ಮನೆಯಲ್ಲಿ ಉಳಿಯುವುದು ರಮಾದೇವಿಗೂ ಒಗ್ಗದು. ಇವತ್ತೂ ಆಕೆ ಉಂಡು ಕಡೇ ಬಸ್ಸಿಗೆ ಹೊರಡಬೇಕೆಂದು ಚೀಲವನ್ನು ಮಡಿಲಲ್ಲಿಟ್ಟುಕೊಂಡೇ ಜಗಲಿಯ ಮೇಲೆ ಕೂತಿದ್ದಳು. ಕೊತ್ತಂಬರಿ ತೊಳೆದುಕೊಂಡು ಒಳಬಂದ ಮೀನಾ ಅಡುಗೆಮನೆಯ ಬಾಗಿಲಲ್ಲೇ ಕಲ್ಲಾದಳು. ಅತ್ತೆ ಕುದಿಯುವ ಮಡಕೆಗೆ ಒಂದು ಚೆಂಬು ತಣ್ಣೀರನ್ನು ಸದ್ದಾಗದಂತೆ ಸುರಿಯುತ್ತಿದ್ದಳು. ಸೊಸೆಯನ್ನು ಕಂಡು ಹುಬ್ಬು ಗಂಟಿಕ್ಕಿದಳು, ಆಮೇಲೆ ಜಗಲಿಯತ್ತ ಕೂಗಿದಳು: "ಬೀಗಿತ್ತಿ, ಕಾಳು ಮುನಿಸ್ಕಂಡವೆ ಕಣಮ್ಮ. ಉಣ್ಣದೆ ಕಳಿಸಾಕಾಯ್ತದಾ? ಬಸ್ಸು ನಾಳೆನೂ ಬತ್ತದೆ."